ಬೆಳೆಯುವ ಮಗುವಿನ ಕಥೆಯಲ್ಲಿ ಮರವನ್ನು ಬರೆಯುವುದು ಹೇಗೆ?

ಬಾಲ್ಯದ ನೆನಪು ಬರೆಯಲು ಕೂತವರಲ್ಲಿ ತುಂಬಾ ಜನರಿಗೆ ಮೊದಲ ಪುಟದಲ್ಲೇ ಒಂದು ಮರ ಸಿಗುತ್ತದೆ. ಕಾದಂಬರಿ ಬರೆಯುವವರಿಗೂ ಅಷ್ಟೇ. ಮನೆ ಮುಂದೆ, ಶಾಲೆ ಹಿಂದೆ, ನೀರಿನ ದಡದಲ್ಲಿ, ಎಲ್ಲೋ ಒಂದು ಕಡೆ ಮರ ನಿಂತಿರುತ್ತದೆ. ಆಮೇಲೆ ಇನ್ನೂರು ಪುಟ ಅದರ ಸುದ್ದಿಯೇ ಇರುವುದಿಲ್ಲ. ಕೊನೆಯ ಅಧ್ಯಾಯದಲ್ಲಿ ನಾಯಕ ಮನೆಗೆ ಮರಳಿದಾಗ ಮರ ಮತ್ತೆ ನೆನಪಾಗುತ್ತದೆ, ಅಷ್ಟರಲ್ಲಿ ಅದನ್ನು ಯಾರೋ ಕಡಿದಿರುತ್ತಾರೆ, ಅವನು ಕಣ್ಣೀರು ಹಾಕುತ್ತಾನೆ. ಓದುವವರಿಗೆ ಮಾತ್ರ ಏನೂ ಅನಿಸುವುದಿಲ್ಲ. ಆ ಮರದ ಜೊತೆ ಅವರು ಒಂದು ದಿನವೂ ಕಳೆದಿಲ್ಲ ಅಲ್ವಾ?

ಮರವನ್ನೂ ಕಥೆಯೊಳಗೆ ಬೆಳೆಸಬೇಕು. ಮಗು ಎಷ್ಟು ನಿಜವಾಗಿ ಬೆಳೆಯುತ್ತದೋ ಅಷ್ಟೇ ನಿಜವಾಗಿ. ಅದಕ್ಕೆ ಮರ ಹೇಗೆ ಬೆಳೆಯುತ್ತದೆ ಅನ್ನುವುದು ನಮಗೆ ಗೊತ್ತಿರಬೇಕು. ನಾನು ಹೇಳಬೇಕಾದ ಮುಖ್ಯ ಮಾತು ಇದೇ.

ಮೊದಲು ಒಂದು ಸಣ್ಣ ಪರೀಕ್ಷೆ. ನಿಮ್ಮ ಕರಡಿನಿಂದ ಮರ ತೆಗೆದುಬಿಡಿ, ಆ ಜಾಗದಲ್ಲಿ ಒಂದು ಕಲ್ಲುಬೆಂಚು ಇಡಿ. ಕಥೆ ಏನೂ ಆಗದ ಹಾಗೆ ಮುಂದೆ ಹೋದರೆ ನಿಮ್ಮ ಮರ ಇನ್ನೂ ಕೆಲಸ ಶುರು ಮಾಡಿಲ್ಲ ಎಂದರ್ಥ.

ಯಾವ ಮರ?

"ಒಂದು ದೊಡ್ಡ ಮರವಿತ್ತು" ಎಂದು ಬರೆಯಬೇಡಿ. ಯಾವ ಮರ ಅನ್ನುವುದು ಗೊತ್ತಾದ ಕೂಡಲೇ ಆ ಮಗು ಅದರ ಜೊತೆ ಏನು ಮಾಡಬಹುದು, ಏನು ಮಾಡಲಾಗದು ಅನ್ನುವುದು ತಾನಾಗಿ ತೀರ್ಮಾನವಾಗುತ್ತದೆ. ಹುಣಸೆಯ ಕೊಂಬೆ ಗಟ್ಟಿ, ಬಳುಕುತ್ತದೆ, ಬೇಗ ಮುರಿಯುವುದಿಲ್ಲ. ನುಗ್ಗೆಯ ಕೊಂಬೆ ನೋಡಲು ಚೆನ್ನಾಗಿಯೇ ಇರುತ್ತದೆ, ಕಾಲಿಟ್ಟರೆ ಲಟ್ ಅಂತ ಮುರಿಯುತ್ತದೆ. ಮಾವಿನ ಕಾಯಿ ಕಿತ್ತರೆ ಸೊನೆ ಚಿಮ್ಮುತ್ತದೆ, ತುಟಿಗೋ ಕೆನ್ನೆಗೋ ತಾಗಿದರೆ ಸುಟ್ಟ ಹಾಗೆ ಕಲೆ ಬೀಳುತ್ತದೆ. ಅಂದರೆ ಮಾವಿನಕಾಯಿ ಕದ್ದ ಮಗು ಮನೆಯಲ್ಲಿ ಸುಳ್ಳು ಹೇಳಿದರೂ ಮುಖ ಸುಳ್ಳು ಹೇಳುವುದಿಲ್ಲ. ಒಂದು ಇಡೀ ದೃಶ್ಯ ಆ ಸೊನೆಯಿಂದಲೇ ಹುಟ್ಟುತ್ತದೆ, ನೀವು ಬೇರೇನೂ ಕಟ್ಟಬೇಕಿಲ್ಲ.

ಕೆಲವು ಮರಗಳು ವಯಸ್ಸಾದ ಹಾಗೆ ತಮ್ಮ ರೂಪವನ್ನೇ ಬದಲಿಸುತ್ತವೆ. ಕೆಂಪು ಬೂರುಗ ಎಳೆಯದಾಗಿದ್ದಾಗ ಬೊಡ್ಡೆ ತುಂಬ ದಪ್ಪ ಮುಳ್ಳು, ಯಾರೂ ಹತ್ತಿರ ಹೋಗುವ ಹಾಗಿಲ್ಲ. ವಯಸ್ಸಾಗುತ್ತಾ ಬೊಡ್ಡೆಯ ಮುಳ್ಳು ಸವೆದು ಕಡಿಮೆಯಾಗುತ್ತದೆ. ಹಲಸಿನ ಎಳೆ ಗಿಡದಲ್ಲಿ ಎಷ್ಟೋ ಸಲ ಎಲೆಯ ಅಂಚು ಸೀಳಿದ ಹಾಗಿರುತ್ತದೆ, ದೊಡ್ಡದಾದ ಮೇಲೆ ಎಲೆ ಇಡಿಯಾಗಿ, ನುಣ್ಣಗೆ ಬರುತ್ತದೆ. ಹದಿಹರೆಯದ ಬಗ್ಗೆ ಬರೆಯುವವರಿಗೆ ಇದಕ್ಕಿಂತ ಏನು ಬೇಕು? ಆದರೆ ಅದನ್ನು ಬಿಡಿಸಿ ಹೇಳಬೇಡಿ. ಮುಳ್ಳಿನ ಮರ ಇತ್ತು, ಹತ್ತು ವರ್ಷದ ಮೇಲೆ ಅವಳು ಅದೇ ಬೊಡ್ಡೆಗೆ ಅಂಗೈ ಇಟ್ಟಳು ಅಂದರೆ ಸಾಕು. ಓದುಗರಿಗೆ ಉಳಿದದ್ದು ಹೊಳೆಯುತ್ತದೆ.

ಎರಡು ಕ್ಯಾಲೆಂಡರ್

ಒಂದು ಹಾಳೆ ತಗೊಳ್ಳಿ. ಎಡಕ್ಕೆ ಮಗುವಿನ ವಯಸ್ಸು ಬರೆಯಿರಿ, ಬಲಕ್ಕೆ ಮರದ್ದು. ಎಂಟು ವರ್ಷದ ಹುಡುಗಿ ಮಾವಿನ ಓಟೆ ನೆಟ್ಟಳು ಅನ್ನೋಣ. ಓಟೆಯಿಂದ ಬಂದ ಗಿಡ ಕಾಯಿ ಬಿಡಲು ಸಾಮಾನ್ಯವಾಗಿ ಆರೇಳು ವರ್ಷ ಬೇಕು, ಇನ್ನೂ ಜಾಸ್ತಿಯೂ ಆಗಬಹುದು. ಕಸಿ ಗಿಡವಾದರೆ ಮೂರು-ನಾಲ್ಕು ವರ್ಷಕ್ಕೇ ಬಿಡುತ್ತದೆ. ಅಂದರೆ ಅವಳ ಓಟೆಯ ಗಿಡ ಮೊದಲ ಹೂ ಬಿಡುವ ಹೊತ್ತಿಗೆ ಅವಳಿಗೆ ಹದಿನಾಲ್ಕೋ ಹದಿನಾರೋ. ಆ ವಯಸ್ಸಿನಲ್ಲಿ ಅವಳಿಗೆ ಆ ಗಿಡ ನೆನಪಾದರೂ ಇದೆಯಾ? ಇಲ್ಲದೇ ಇರಬಹುದು. ಮನೆಯವರು ಯಾರೋ ಬಂದು "ನೀನು ನೆಟ್ಟ ಗಿಡ ಹೂ ಬಿಟ್ಟಿದೆ" ಅನ್ನುತ್ತಾರೆ, ಅವಳು "ಯಾವ ಗಿಡ?" ಎಂದು ಕೇಳುತ್ತಾಳೆ. ಆ ಒಂದು ಪ್ರಶ್ನೆಯಲ್ಲಿ ಎಂಟು ವರ್ಷ ಕಳೆದುಹೋದದ್ದು ಕಾಣುತ್ತದೆ.

ಈ ಹಾಳೆ ಮಾಡದೇ ಹೋದರೆ ಏನಾಗುತ್ತದೆ ಎಂದು ಎಷ್ಟೋ ಕಥೆಗಳಲ್ಲಿ ನೋಡಿದ್ದೇನೆ: ಮೂರು ವರ್ಷದ ಹಿಂದೆ ನೆಟ್ಟ ಆಲ ಅಂಗಳಕ್ಕೆಲ್ಲ ನೆರಳು ಕೊಡುತ್ತದೆ, ಐದು ವರ್ಷದ ಮಾವಿನ ಗಿಡಕ್ಕೆ ಜೋಕಾಲಿ ಕಟ್ಟುತ್ತಾರೆ. ಆಲದ ಬಿಳಲು ನೆಲ ಮುಟ್ಟಿ, ಬೇರೂರಿ, ಕಂಬದಷ್ಟು ದಪ್ಪವಾಗುವುದಕ್ಕೆ ಎಷ್ಟೋ ದಶಕ ಬೇಕು. ಆ ಮರ ಬೇಕೇ ಬೇಕು ಅಂದರೆ ಅದನ್ನು ಮಗುವಿನ ಅಜ್ಜಿಗಿಂತ ಹಳೆಯದು ಮಾಡಿ. ಹಳೆಯ ಮರಕ್ಕೆ ಬೇರೆಯದೇ ಬಲವಿದೆ. ಮಗು ಮೂರಡಿಯಿಂದ ಐದೂವರೆ ಅಡಿ ಆಗುವ ಹೊತ್ತಿಗೆ ಅದರಲ್ಲಿ ಬರಿಗಣ್ಣಿಗೆ ಏನೂ ಬದಲಾಗಿರುವುದಿಲ್ಲ. ಎಳೆಯ ಮರ ಮಗುವಿನ ಜೊತೆ ಓಡುತ್ತದೆ, ಹಳೆಯ ಮರ ಮಗುವನ್ನು ಅಳೆಯುತ್ತದೆ. ನಿಮ್ಮ ಕಥೆಗೆ ಯಾವುದು ಬೇಕು ಅನ್ನುವುದನ್ನು ಬರೆಯುವ ಮೊದಲೇ ತೀರ್ಮಾನಿಸಿ.

ಕೆತ್ತಿದ ಹೆಸರು ಮೇಲೆ ಹೋಗುವುದಿಲ್ಲ

ಈ ವಿಷಯಕ್ಕೆ ಸ್ವಲ್ಪ ಜಾಸ್ತಿ ಹೊತ್ತು ನಿಲ್ಲುತ್ತೇನೆ, ಯಾಕಂದ್ರೆ ಇಲ್ಲಿ ಎಡವುವವರು ತುಂಬಾ ಜನ. ಹುಡುಗ ಮರದ ಮೇಲೆ ಹೆಸರು ಕೆತ್ತುತ್ತಾನೆ. ಇಪ್ಪತ್ತು ವರ್ಷ ಬಿಟ್ಟು ಬಂದರೆ ಹೆಸರು ಕೈಗೆ ಎಟುಕದಷ್ಟು ಮೇಲೆ ಹೋಗಿದೆ! ಓದಲು ಚೆಂದ, ಆದರೆ ಮರ ಹಾಗೆ ಬೆಳೆಯುವುದೇ ಇಲ್ಲ. ಮರ ಎತ್ತರವಾಗುವುದು ತುದಿಯಲ್ಲಿ ಮಾತ್ರ, ಚಿಗುರು ಇರುವಲ್ಲಿ. ಬೊಡ್ಡೆ ದಪ್ಪವಾಗುತ್ತದೆ ಅಷ್ಟೆ. ತೊಗಟೆಯ ಒಳಗೆ ಒಂದು ತೆಳ್ಳಗಿನ ಜೀವಂತ ಪದರವಿದೆ, ಅದು ಒಳಗಡೆಗೆ ಹೊಸ ಮರ ಕಟ್ಟುತ್ತದೆ, ಹೊರಗಡೆಗೆ ಹೊಸ ತೊಗಟೆ ಕಟ್ಟುತ್ತದೆ. ನಾಲ್ಕು ಅಡಿ ಎತ್ತರದಲ್ಲಿ ಹೊಡೆದ ಮೊಳೆ ನಲವತ್ತು ವರ್ಷವಾದರೂ ನಾಲ್ಕು ಅಡಿಯಲ್ಲೇ ಇರುತ್ತದೆ. ಮರ ಅದರ ಸುತ್ತ ಬೆಳೆದು ನುಂಗಬಹುದು, ಮೇಲಕ್ಕೆ ಒಯ್ಯುವುದಿಲ್ಲ.

ಈಗ ಯೋಚಿಸಿ, ಇದು ಕಥೆಗೆ ಎಷ್ಟು ದೊಡ್ಡ ಲಾಭ! ಎಂಟು ವರ್ಷದವನು ತನ್ನ ಕಣ್ಣೆತ್ತರಕ್ಕೆ ಕೆತ್ತಿದ್ದು ದೊಡ್ಡವನಾದ ಮೇಲೆ ಅವನ ಎದೆಗಿಂತ ಕೆಳಗಿರುತ್ತದೆ. ಹೀಗೆ ಬರೆದು ನೋಡಿ:

"ಹೆಸರು ಕಾಣಲಿಲ್ಲ. ಕಣ್ಣೆತ್ತರಕ್ಕೆ ಹುಡುಕಿದ, ಅದಕ್ಕಿಂತ ಮೇಲೆ ಹುಡುಕಿದ. ಯಾರೋ ಅಳಿಸಿದ್ದಾರೆ ಅಂದುಕೊಂಡ. ಚಪ್ಪಲಿಯ ದಾರ ಬಿಗಿಯಲು ಬಗ್ಗಿದಾಗ ಮುಖದೆದುರಿಗೇ ಇತ್ತು. ಅಕ್ಷರಗಳು ಅಡ್ಡಕ್ಕೆ ಹಿಗ್ಗಿದ್ದವು. ಅಂಚುಗಳು ತುಟಿಯ ಹಾಗೆ ಉಬ್ಬಿದ್ದವು. ಕೊನೆಯ ಅಕ್ಷರ ಯಾವುದೆಂದು ಅವನಿಗೇ ಗೊತ್ತಾಗಲಿಲ್ಲ."

ಅಕ್ಷರ ಅಡ್ಡಕ್ಕೆ ಹಿಗ್ಗುವುದು ಯಾಕೆ? ಬೊಡ್ಡೆಯ ಸುತ್ತಳತೆ ಹೆಚ್ಚುತ್ತದೆ, ಎತ್ತರ ಅಷ್ಟೇ ಇರುತ್ತದೆ. ಅಂಚು ಉಬ್ಬುವುದು ಮರ ಗಾಯ ಮುಚ್ಚಲು ಹೊಸ ಪದರ ಬೆಳೆಸುವುದರಿಂದ. ನಮ್ಮ ಚರ್ಮದ ಹಾಗೆ ಹಳೇ ಜಾಗವೇ ಸರಿಹೋಗುವುದಿಲ್ಲ. ಗಾಯ ಒಳಗೇ ಉಳಿದು ಹೊಸತು ಅದರ ಮೇಲೆ ಬರುತ್ತದೆ. ಇದನ್ನೂ ಓದುಗರಿಗೆ ಪಾಠ ಮಾಡಬೇಕಿಲ್ಲ, ನಿಮಗೆ ಗೊತ್ತಿದ್ದರೆ ವಾಕ್ಯ ಸರಿಯಾಗಿ ಬರುತ್ತದೆ. ತೆಂಗು, ತಾಳೆಗಳ ಲೆಕ್ಕ ಬೇರೆ. ಅವುಗಳಿಗೆ ಆ ಜೀವಂತ ಪದರವಿಲ್ಲ, ಹಾಗಾಗಿ ಮಾಡಿದ ಕಚ್ಚು ಮುಚ್ಚುವುದೇ ಇಲ್ಲ. ಹತ್ತಲು ಕಡಿದ ಮೆಟ್ಟಿಲು ಎಷ್ಟು ವರ್ಷ ಕಳೆದರೂ ಹಾಗೇ ಇರುತ್ತದೆ.

ಜೋಕಾಲಿಯ ಹಗ್ಗಕ್ಕೂ ಇದೇ ಲೆಕ್ಕ. ಬಿಗಿದು ಕಟ್ಟಿ ಮರೆತ ಹಗ್ಗವನ್ನು ಕೊಂಬೆ ದಪ್ಪವಾಗುತ್ತಾ ಒಳಗೆ ಸೇರಿಸಿಕೊಳ್ಳುತ್ತದೆ. ಎಲೆಯಿಂದ ಬರುವ ಆಹಾರ ತೊಗಟೆಯ ಒಳಪದರದಲ್ಲಿ ಇಳಿಯುವಾಗ ಅಲ್ಲಿ ತಡೆದು, ಹಗ್ಗದಿಂದ ಆಚೆ, ಎಲೆಗಳ ಕಡೆ ಕೊಂಬೆ ಊದಿಕೊಳ್ಳುತ್ತದೆ. ಮಕ್ಕಳು ಆಡಿ ಬಿಟ್ಟ ಆಟ ಮರಕ್ಕೆ ಹೀಗೂ ತಾಗುತ್ತದೆ. ಅಪ್ಪನೋ ಅಕ್ಕನೋ ಕಟ್ಟಿದ ಹಗ್ಗ ಅದು, ಕಟ್ಟಿದವರು ಈಗಿಲ್ಲ, ಕತ್ತರಿಸಬೇಕೋ ಬೇಡವೋ ಎಂದು ಮಗಳು ಕೆಳಗೆ ನಿಂತಿದ್ದಾಳೆ. ಇಲ್ಲಿಂದ ಮುಂದೆ ನೀವೇ ಬರೆಯಿರಿ.

ಮಗು ಮರದ ಜೊತೆ ಏನಾದರೂ ಮಾಡಲಿ

ಮರದ ಕೆಳಗೆ ಕೂತು ಯೋಚಿಸುವ ಮಗು ಬರವಣಿಗೆಗೆ ಸುಲಭ, ಓದಲು ಕಷ್ಟ. ಹತ್ತಲಿ, ಬೀಳಲಿ, ಅಡಗಲಿ, ಕದಿಯಲಿ, ಬಚ್ಚಿಡಲಿ. 1959ರಲ್ಲಿ ಬಂದ ಜಾನ್ ನೋಲ್ಸ್ ಅವರ 'ಎ ಸೆಪರೇಟ್ ಪೀಸ್' ಕಾದಂಬರಿ ನಿಂತಿರುವುದು ನದಿ ದಡದ ಒಂದು ಕೊಂಬೆಯ ಮೇಲೆ. ಹುಡುಗರು ಅಲ್ಲಿಂದ ನೀರಿಗೆ ಹಾರುತ್ತಾರೆ. ಒಂದು ದಿನ ಇಬ್ಬರು ಗೆಳೆಯರು ಕೊಂಬೆಯ ಮೇಲಿದ್ದಾಗ ಒಬ್ಬನ ಮಂಡಿ ಬಾಗುತ್ತದೆ, ಕೊಂಬೆ ಅಲುಗುತ್ತದೆ, ಇನ್ನೊಬ್ಬ ಬಿದ್ದು ಕಾಲು ಮುರಿದುಕೊಳ್ಳುತ್ತಾನೆ. ಬೇಕೆಂದೇ ಅಲುಗಿಸಿದನಾ? ಉಳಿದ ಪುಸ್ತಕವೆಲ್ಲ ಆ ಒಂದು ಕ್ಷಣದ ಸುತ್ತ ತಿರುಗುತ್ತದೆ. ಮರದ ಜಾಗಕ್ಕೆ ಕಲ್ಲುಬೆಂಚು ಇಡಲು ಸಾಧ್ಯವೇ ಇಲ್ಲ.

ನನಗೆ ಅದಕ್ಕಿಂತ ಇಷ್ಟವಾದದ್ದು ಹಾರ್ಪರ್ ಲೀ ಅವರ 'ಟು ಕಿಲ್ ಎ ಮಾಕಿಂಗ್‌ಬರ್ಡ್' (1960). ಅದೇ ಬೀದಿಯ ಇನ್ನೊಂದು ಮನೆಯ ಓಕ್ ಮರದ ಪೊಟರೆಯಲ್ಲಿ ಯಾರೋ ಮಕ್ಕಳಿಗಾಗಿ ಸಣ್ಣ ಸಣ್ಣ ವಸ್ತು ಇಡುತ್ತಿರುತ್ತಾರೆ. ಒಂದು ದಿನ ಆ ಮನೆಯವನು ಪೊಟರೆಗೆ ಸಿಮೆಂಟ್ ತುಂಬುತ್ತಾನೆ. ಕೇಳಿದರೆ, ಮರ ಸಾಯುತ್ತಿದೆ, ಅದಕ್ಕೇ ಎನ್ನುತ್ತಾನೆ. ಹುಡುಗ ಹೋಗಿ ಅಪ್ಪನನ್ನು ಕೇಳುತ್ತಾನೆ. ಅಪ್ಪ ಎಲೆ ನೋಡು, ಹಸಿರಾಗಿ ತುಂಬಿಕೊಂಡಿದೆ, ಮರ ಆರೋಗ್ಯವಾಗಿದೆ ಎನ್ನುತ್ತಾನೆ. ಕತ್ತಲಾಗುವವರೆಗೂ ಹುಡುಗ ಹೊರಗೇ ನಿಲ್ಲುತ್ತಾನೆ, ಒಳಗೆ ಬಂದಾಗ ಅತ್ತಿರುವುದು ತಂಗಿಗೆ ಗೊತ್ತಾಗುತ್ತದೆ. ದೊಡ್ಡವರು ಸುಳ್ಳು ಹೇಳುತ್ತಾರೆ ಅನ್ನುವುದನ್ನು ಅವನು ಕಲಿತದ್ದು ಎಲೆಯ ಬಣ್ಣ ನೋಡಿ! ಪೊಟರೆ ಇದ್ದ ಮಾತ್ರಕ್ಕೆ ಮರ ಸಾಯುತ್ತಿದೆ ಎಂದಲ್ಲ, ಮರದ ತಿರುಳು ಹೇಗೂ ಜೀವವಿಲ್ಲದ ಭಾಗ, ಹೊರಗಿನ ಪದರಗಳು ಚೆನ್ನಾಗಿದ್ದರೆ ಟೊಳ್ಳು ಮರ ಎಷ್ಟೋ ವರ್ಷ ಬದುಕುತ್ತದೆ. ಆ ನಿಜದ ಮೇಲೆ ದೃಶ್ಯ ನಿಂತಿರುವುದರಿಂದಲೇ ಅದು ಅಲುಗುವುದಿಲ್ಲ.

ಇನ್ನೊಂದು ದೃಶ್ಯ ಎಲ್ಲರ ಕೈಗೂ ಸಿಗುವಂಥದ್ದು, ಆದರೂ ಬರೆಯುವವರು ಕಡಿಮೆ. ಮರ ಹತ್ತುವುದು ನಿಲ್ಲುವ ದಿನ. ಕೆಲವರಿಗೆ ಅದನ್ನು ಯಾರೋ ಹೇಳುತ್ತಾರೆ, "ಇನ್ನು ನೀನು ಚಿಕ್ಕವಳಲ್ಲ, ಇಳಿ" ಎಂದು. ಕೆಲವರಿಗೆ ಯಾರೂ ಹೇಳುವುದಿಲ್ಲ, ಒಂದು ದಿನ ಹತ್ತಿ ಇಳಿದಿರುತ್ತಾರೆ, ಅದೇ ಕೊನೆಯದು ಎಂದು ಗೊತ್ತೇ ಇರುವುದಿಲ್ಲ. ಎರಡನೆಯದನ್ನು ಬರೆಯುವುದು ಹೆಚ್ಚು ಕಷ್ಟ. ಅದನ್ನು ಆ ಹೊತ್ತಿನಲ್ಲೇ ಬರೆಯಲು ಆಗುವುದಿಲ್ಲ. ಮುಂದೆ ಯಾವಾಗಲೋ, ಬೇರೆ ಚಿಕ್ಕ ಮಗುವೊಂದು ಅದೇ ಕೊಂಬೆ ಹಿಡಿದಾಗ, "ಬಲಗಾಲು ಅಲ್ಲಲ್ಲ, ಆ ಗಂಟಿನ ಮೇಲಿಡು" ಎಂದು ಬಾಯಿಂದ ಬರಲಿ.

ಕಡಿಯುವ ಮೊದಲು

ಮರ ಕಡಿದರೆ ಬಾಲ್ಯ ಮುಗಿಯಿತು ಎಂದು ತೋರಿಸುವುದು ಸುಮ್ನೆ ಕೈಗೆ ಬರುವ ಮುಕ್ತಾಯ. ಅದನ್ನು ಬಿಡಿ ಎಂದು ಹೇಳುವುದಿಲ್ಲ, ಆದರೆ ಯಾರ ಮೇಲೆ ಆ ಕೊಡಲಿ ಬೀಳುತ್ತದೆ ಎಂದು ಯೋಚಿಸಿ. ರವೀಂದ್ರನಾಥ ಟಾಗೋರರ 'ಬಲಾಯಿ' ಕಥೆಯಲ್ಲಿ ತೋಟದ ದಾರಿಯ ನಡುವೆ ಹುಟ್ಟಿದ ಬೂರುಗದ ಗಿಡವನ್ನು ಹುಡುಗ ಬೇಡಿಕೊಂಡು ಉಳಿಸಿಕೊಳ್ಳುತ್ತಾನೆ. ಆಮೇಲೆ ಅವನಪ್ಪ ಅವನನ್ನು ದೂರ ಕರೆದುಕೊಂಡು ಹೋಗುತ್ತಾನೆ. ಅಲ್ಲಿಂದ ಹುಡುಗ ತನ್ನ ಮರದ ಫೋಟೋ ಕೇಳಿ ಪತ್ರ ಬರೆಯುತ್ತಾನೆ. ಅಷ್ಟರಲ್ಲಿ ಚಿಕ್ಕಪ್ಪ ಅದನ್ನು ಕಡಿಸಿಯಾಗಿದೆ. ಊಟ ಬಿಡುವುದು, ಮಾತು ಬಿಡುವುದು ಚಿಕ್ಕಮ್ಮ. ಹುಡುಗ ಅಳುವುದನ್ನು ಕಥೆ ನಮಗೆ ತೋರಿಸುವುದೇ ಇಲ್ಲ.

ಇನ್ನೊಂದು ಸಂಗತಿ, ಕಡಿದ ಮರ ಯಾವಾಗಲೂ ಸತ್ತಿರುವುದಿಲ್ಲ. ಅಗಲ ಎಲೆಯ ಮರಗಳಲ್ಲಿ ಎಷ್ಟೋ ಬುಡದಿಂದ ಮತ್ತೆ ಚಿಗುರುತ್ತವೆ. ಪೈನ್ ಜಾತಿಯವು ಹೆಚ್ಚಾಗಿ ಚಿಗುರುವುದಿಲ್ಲ. ಬೆಟ್ಟಿ ಸ್ಮಿತ್ ಅವರ 'ಎ ಟ್ರೀ ಗ್ರೋಸ್ ಇನ್ ಬ್ರೂಕ್ಲಿನ್' (1943) ಕಾದಂಬರಿಯ ಮರವನ್ನು ಕಡಿಯುತ್ತಾರೆ, ಬುಡಕ್ಕೆ ಬೆಂಕಿ ಹಾಕುತ್ತಾರೆ, ಆದರೂ ಬುಡದಿಂದ ಹೊಸದು ಏಳುತ್ತದೆ. ಐಲಾಂತಸ್ ಅನ್ನುವ ಆ ಮರದ ಸ್ವಭಾವವೇ ಅದು. ಹಾಗಾಗಿ ಕಡಿಯುವ ಮೊದಲು ನಿಮ್ಮ ಮರ ಯಾವ ಜಾತಿಯದು ನೋಡಿಕೊಳ್ಳಿ.

ಆತ್ಮಕಥೆಯಾದರೆ

ಇಲ್ಲಿ ನಿಮಗೆ ಇನ್ನೂ ಒಂದು ಜವಾಬ್ದಾರಿ ಇದೆ. ಮರ ಇನ್ನೂ ಇದ್ದರೆ ಹೋಗಿ ನೋಡಿ. ಟೇಪು ಒಯ್ದು ಎದೆಯ ಮಟ್ಟದಲ್ಲಿ, ನೆಲದಿಂದ ಸುಮಾರು 1.3 ಮೀಟರ್ ಎತ್ತರದಲ್ಲಿ ಸುತ್ತಳತೆ ತೆಗೆಯಿರಿ. ಮರ ಅಳೆಯುವವರು ಅಳೆಯುವುದೂ ಅಲ್ಲೇ. ಹಳೇ ಫೋಟೋಗಳಲ್ಲಿ ಮನುಷ್ಯರನ್ನು ಬಿಟ್ಟು ಹಿಂದಿನ ಮರ ನೋಡಿ, ಮನೆಯ ಮಾಡಿಗಿಂತ ಎತ್ತರವಿತ್ತಾ? ಒಡಹುಟ್ಟಿದವರನ್ನು ಬೇರೆ ಬೇರೆ ಕೂರಿಸಿ ಕೇಳಿ, ಒಟ್ಟಿಗೆ ಕೇಳಬೇಡಿ, ಒಬ್ಬರ ನೆನಪು ಇನ್ನೊಬ್ಬರಿಗೆ ಅಂಟುತ್ತದೆ. ನಿಮಗೆ ಭಾರಿ ಮರವಾಗಿ ನೆನಪಿರುವುದು ಅಣ್ಣನಿಗೆ ಸಾಧಾರಣ ಗಿಡವಾಗಿರಬಹುದು. ಎರಡನ್ನೂ ಪುಸ್ತಕದಲ್ಲಿಡಿ. ಆ ವ್ಯತ್ಯಾಸವೇ ನಿಮ್ಮ ಆರು ವರ್ಷದ ಎತ್ತರ.

ಕಡಿದ ಬುಡದಲ್ಲಿ ಉಂಗುರ ಎಣಿಸಿ ವಯಸ್ಸು ಹೇಳುವ ಆಸೆ ಎಲ್ಲರಿಗೂ ಬರುತ್ತದೆ. ಚಳಿಗಾಲ ಜೋರಾಗಿರುವ ನಾಡುಗಳ ಮರಗಳಲ್ಲಿ ಅದು ಸರಿ. ಉಷ್ಣ ಪ್ರದೇಶದ ಎಷ್ಟೋ ಮರಗಳಲ್ಲಿ ವರ್ಷಕ್ಕೊಂದು ಉಂಗುರ ಸ್ಪಷ್ಟವಾಗಿ ಮೂಡುವುದಿಲ್ಲ. ತೇಗದಲ್ಲಿ ಮೂಡುತ್ತದೆ. ತೆಂಗಿನಲ್ಲಿ ಉಂಗುರದ ಮಾತೇ ಇಲ್ಲ.

ಕರಡು ಮುಗಿದ ಮೇಲೆ ಬಣ್ಣದ ಪೆನ್ನು ಹಿಡಿದು ಮರ ಬರುವ ಪ್ರತಿ ಸಾಲಿಗೂ ಗೆರೆ ಎಳೆಯಿರಿ. ಪಕ್ಕದಲ್ಲಿ ತಿಂಗಳು ಬರೆಯಿರಿ. ಆ ತಿಂಗಳು ಆ ಮರದಲ್ಲಿ ಎಲೆ ಇರುತ್ತದಾ, ಹೂವಾ, ಬರಿ ಕೊಂಬೆಯಾ? ಬೂರುಗ ಎಲೆಯೆಲ್ಲ ಉದುರಿಸಿಕೊಂಡು ಕೆಂಪು ಹೂ ಬಿಡುತ್ತದೆ, ಹಾಗಾಗಿ ಹೂ ತುಂಬಿದ ಬೂರುಗದ ದಟ್ಟ ಎಲೆಗಳ ಮರೆಯಲ್ಲಿ ನಿಮ್ಮ ನಾಯಕಿ ಅಡಗಿದ್ದರೆ ಅವಳು ಎಲ್ಲರಿಗೂ ಕಾಣುತ್ತಾಳೆ. ತಿಂಗಳು ಬದಲಿಸಿ, ಇಲ್ಲವೇ ಅವಳು ಸಿಕ್ಕಿಬೀಳಲಿ.