ಬಾಲನಟನಿಗೆ ತಾಳಮದ್ದಳೆ ಕಲಿಸಿದ್ದು

ಏಳನೆಯ ವಯಸ್ಸಿನಿಂದ ಹನ್ನೆರಡರವರೆಗೆ ನಾನು ಬೆಂಗಳೂರಿನಲ್ಲಿ ಕನ್ನಡ ಧಾರಾವಾಹಿಗಳ ಬಾಲನಟನಾಗಿದ್ದೆ. ಧ್ವನಿ ಒಡೆದು ಮೀಸೆ ಚಿಗುರಿದೊಡನೆ ಕರೆಗಳು ನಿಂತವು. ಕಾಸರಗೋಡು ಜಿಲ್ಲೆಯ ಕುಂಬಳೆಯ ಸಮೀಪದ ನಮ್ಮ ಮನೆಗೆ ಮರಳಿ ಕನ್ನಡ ಮಾಧ್ಯಮ ಶಾಲೆಗೆ ಸೇರಿದೆ. ಇಂದು ಮತ್ತೆ ನಟನಾಗಿ ದುಡಿಯುತ್ತಿದ್ದರೆ ಅದಕ್ಕೆ ಊರಿನ ತಾಳಮದ್ದಳೆ ಕೂಟಗಳೇ, ಎಂದರೆ ಕುಳಿತು ಮಾತಿನಲ್ಲೇ ನಡೆಸುವ ಯಕ್ಷಗಾನದ ಕೂಟಗಳೇ ಕಾರಣ.

ಸೆಟ್ಟಿನಲ್ಲಿ ಮಗುವಿನ ಕೆಲಸ ಹೇಗೆ ನಡೆಯುತ್ತದೆ ಎಂಬುದನ್ನು ಹೇಳಬೇಕು. ಕ್ಯಾಮೆರಾದ ಪಕ್ಕದಲ್ಲಿ ನಿಂತ ಸಹಾಯಕ ನಿರ್ದೇಶಕರು ಸಂಭಾಷಣೆಯನ್ನು ತುಂಡು ತುಂಡಾಗಿ ಓದಿ ಹೇಳುತ್ತಾರೆ, ಮಗು ಅದನ್ನೇ ಮರಳಿ ನುಡಿಯುತ್ತದೆ. ತಾಯಿಯ ಪಾತ್ರದವರು ತಮ್ಮ ಕ್ಲೋಸ್ ಅಪ್ ಮುಗಿಸಿ ಹೋದ ಮೇಲೆ ನನ್ನ ಸರದಿ ಬರುತ್ತಿತ್ತು. ಆಗ ಕಣ್ಣಿಗೆ ಗ್ಲಿಸರಿನ್ ಹಚ್ಚಿಸಿಕೊಂಡು, ಸಹಾಯಕರು ಎತ್ತಿ ಹಿಡಿದ ಮುಷ್ಟಿಯನ್ನೇ ಅಮ್ಮನೆಂದು ಭಾವಿಸಿ ನೋಡುತ್ತಾ ಅಳಬೇಕಿತ್ತು. ನೋಟ ಎಲ್ಲಿರಬೇಕು, ಬೆಳಕು ಎಲ್ಲಿ ಬೀಳುತ್ತದೆ ಎಂಬುದು ಇದರಿಂದ ಚೆನ್ನಾಗಿ ರೂಢಿಯಾಯಿತು. ಆದರೆ ಒಂದು ಪಾತ್ರವನ್ನು ಆರಂಭದಿಂದ ಕೊನೆಯವರೆಗೆ ಮನಸ್ಸಿನಲ್ಲಿ ಹೊತ್ತು ನಡೆಯುವ ಅಭ್ಯಾಸ ಬೆಳೆಯಲಿಲ್ಲ, ಅದಕ್ಕೆ ಅಲ್ಲಿ ಅವಕಾಶವೂ ಇರಲಿಲ್ಲ.

ತಾಳಮದ್ದಳೆಯಲ್ಲಿ ವೇಷವಿಲ್ಲ, ಕುಣಿತವಿಲ್ಲ. ಭಾಗವತರು ಪದ್ಯ ಹಾಡಿ ನಿಲ್ಲಿಸಿದ ಮೇಲೆ ಅರ್ಥಧಾರಿಯು ಆ ಪದ್ಯದ ಆಧಾರದಲ್ಲಿ ತನ್ನದೇ ಮಾತಿನಿಂದ ಪಾತ್ರವನ್ನು ಕಟ್ಟಬೇಕು. ಕುಂಬಳೆಯವನೆಂದೇ ಪ್ರಸಿದ್ಧನಾದ ಯಕ್ಷಗಾನ ಕವಿ ಪಾರ್ತಿಸುಬ್ಬನ ‘ಅಂಗದ ಸಂಧಾನ’ ಪ್ರಸಂಗದಲ್ಲಿ ನನಗೆ ಅಂಗದನ ಅರ್ಥ, ಎಂದರೆ ಅವನ ಪಾತ್ರದ ಮಾತು, ಕೊಟ್ಟ ದಿನ, ರಾವಣನ ಅರ್ಥ ಹೇಳುವ ಹಿರಿಯರು ಏನು ಕೇಳುತ್ತಾರೆಂದು ಮುಂಚಿತವಾಗಿ ತಿಳಿಯುವ ಉಪಾಯವೇ ಇರಲಿಲ್ಲ. “ಪದ್ಯದಲ್ಲಿ ಏನುಂಟು ನೋಡು, ಮತ್ತೆ ಅವರ ಮಾತು ಕೇಳು, ಉತ್ತರ ತಾನಾಗಿ ಬರ್ತದೆ” ಎಂದಿದ್ದರು ಗುರುಗಳು. ವಾಲಿಯ ಮಗನಾಗಿಯೂ ರಾಮನ ಪಕ್ಷದಲ್ಲಿ ಏಕೆ ನಿಂತಿದ್ದೀಯೆ ಎಂದು ರಾವಣ ಕೆಣಕಿದಾಗ, ನಾನು ಮೊದಲ ಬಾರಿಗೆ ಎದುರಿನವರ ಮಾತನ್ನು ನಿಜವಾಗಿ ಕೇಳಿಸಿಕೊಂಡು ಉತ್ತರಿಸಿದೆ. ನಟನೆಯ ಮೂಲ ಕೇಳುವಿಕೆಯಲ್ಲಿದೆ ಎಂಬ ನನ್ನ ನಂಬಿಕೆ ಅಲ್ಲಿಂದ ಬಂದದ್ದು.

ಕಾಲೇಜು ಮುಗಿಸಿ ಮತ್ತೆ ಆಡಿಷನ್‌ಗೆ ಹೋದಾಗ, ಹಳೆಯ ಬಾಲನಟನೆಂಬ ಪರಿಚಯವನ್ನು ಮುಂದಿಡದೆ ಹೊಸಬನಂತೆ ಸಣ್ಣ ಪಾತ್ರಗಳಿಂದ ತೊಡಗಿದೆ. ಈಗಲೂ ಸೆಟ್ಟಿನಲ್ಲಿ ಸಂಭಾಷಣೆ ಓದಿ ಹೇಳುವ ಪ್ರಾಂಪ್ಟಿಂಗ್ ಇದೆ. ಆದರೂ ದೃಶ್ಯದ ಹಾಳೆಯನ್ನು ಮೊದಲೇ ಕೇಳಿ ಪಡೆದು, ಹಿಂದಿನ ದೃಶ್ಯದಲ್ಲಿ ಪಾತ್ರಕ್ಕೆ ಏನಾಗಿತ್ತೆಂದು ತಿಳಿದುಕೊಂಡೇ ಕ್ಯಾಮೆರಾದ ಮುಂದೆ ನಿಲ್ಲುತ್ತೇನೆ.

ಮಕ್ಕಳನ್ನು ಧಾರಾವಾಹಿಗೆ ಕಳುಹಿಸುವ ನಮ್ಮ ಜಿಲ್ಲೆಯ ತಂದೆತಾಯಿಗಳು ಆಗಾಗ ನನ್ನನ್ನು ವಿಚಾರಿಸುತ್ತಾರೆ. ನನ್ನ ಕಾಲದಲ್ಲಿ ಇಲ್ಲದ ರಕ್ಷಣೆ ಈಗ ಇದೆ. 2016ರಲ್ಲಿ ಬಾಲಕಾರ್ಮಿಕ ಕಾಯ್ದೆಗೆ ತಿದ್ದುಪಡಿಯಾದ ಮೇಲೆ ಬಂದ 2017ರ ನಿಯಮಗಳ ಪ್ರಕಾರ ಬಾಲ ಕಲಾವಿದರನ್ನು ದಿನಕ್ಕೆ 5 ಗಂಟೆಗಿಂತ ಹೆಚ್ಚು, ವಿರಾಮವಿಲ್ಲದೆ 3 ಗಂಟೆಗಿಂತ ಹೆಚ್ಚು, ಸತತ 27 ದಿನಗಳಿಗಿಂತ ಹೆಚ್ಚು ದುಡಿಸುವಂತಿಲ್ಲ. ಸಂಪಾದನೆಯ ಕನಿಷ್ಠ ಶೇ. 20ರಷ್ಟನ್ನು ರಾಷ್ಟ್ರೀಕೃತ ಬ್ಯಾಂಕಿನಲ್ಲಿ ಮಗುವಿನ ಹೆಸರಿನಲ್ಲಿಯೇ ಠೇವಣಿ ಇಡಬೇಕು. ನಿರ್ಮಾಪಕರು ಅನುಮತಿ ಪಡೆಯಬೇಕಾದುದು ಚಿತ್ರೀಕರಣ ನಡೆಯುವ ಜಿಲ್ಲೆಯ ಜಿಲ್ಲಾಧಿಕಾರಿಗಳಿಂದ. ಆದ್ದರಿಂದ ಬೆಂಗಳೂರಿನ ಕೆಲಸಕ್ಕೆ ಕಾಸರಗೋಡಿನಲ್ಲಿ ವಿಚಾರಿಸಿ ಪ್ರಯೋಜನವಿಲ್ಲ. ಆ ಅನುಮತಿಯ ಪ್ರತಿಯನ್ನು ನಿರ್ಮಾಪಕರಿಂದಲೇ ಕೇಳಿ ನೋಡಿ, ಆಮೇಲೆ ಒಪ್ಪಂದಕ್ಕೆ ಸಹಿ ಹಾಕಿ ಎಂದು ಅವರಿಗೆ ಹೇಳುತ್ತೇನೆ. ಜೊತೆಗೆ, ರಜೆಯಲ್ಲಿ ಮಗು ಊರಿಗೆ ಬಂದಾಗ ಯಾವುದಾದರೂ ಕೂಟಕ್ಕೆ ಕರೆತನ್ನಿ ಎಂದೂ ಕೇಳಿಕೊಳ್ಳುತ್ತೇನೆ.