ಹ್ಯಾರಿ ಡೀನ್ ಸ್ಟ್ಯಾಂಟನ್: ಈ ನಟನನ್ನು ನೋಡುವ ಕ್ರಮ

ಅಮೆರಿಕದ ನಟ ಹ್ಯಾರಿ ಡೀನ್ ಸ್ಟ್ಯಾಂಟನ್ ಯಾರು ಎಂದು ಹುಡುಕಿದರೆ ಹೆಚ್ಚಿನ ಪಟ್ಟಿಗಳು ನೇರವಾಗಿ 1984ರ ‘ಪ್ಯಾರಿಸ್, ಟೆಕ್ಸಾಸ್’ಗೆ ಕರೆದೊಯ್ಯುತ್ತವೆ. ಮೊದಲು ಅದನ್ನೇ ನೋಡಬೇಡಿ. ಅದರಲ್ಲಿ ಆತ ನಾಯಕ. ಅದನ್ನು ನೋಡಿದ ಮೇಲೆ ಉಳಿದ ಪಾತ್ರಗಳೆಲ್ಲ ಅದರ ಚೂರುಗಳ ಹಾಗೆ ಕಾಣತೊಡಗುತ್ತವೆ. ನಡೆದದ್ದು ಉಲ್ಟಾ: 1957ರಿಂದ ಸಿನಿಮಾದಲ್ಲಿ ಎರಡು ನಿಮಿಷ, ಐದು ನಿಮಿಷದ ಪಾತ್ರಗಳನ್ನು ಮಾಡುತ್ತ ಬಂದವನಿಗೆ ಆ ದೊಡ್ಡ ಪಾತ್ರ ಸಿಕ್ಕಿದ್ದು 58ರ ಆಸುಪಾಸಿನಲ್ಲಿ. ಪೋಷಕ ನಟನ ಕಸುಬು ತಿಳಿಯಬೇಕಾದರೆ ಚಿಕ್ಕ ಪಾತ್ರಗಳಿಂದ ದೊಡ್ಡದಕ್ಕೆ ಹೋಗಬೇಕು.

ನೋಡುವ ಮೊದಲು ಇಷ್ಟು ತಿಳಿದಿದ್ದರೆ ಸಾಕು. ಹುಟ್ಟಿದ್ದು 1926ರ ಜುಲೈ 14, ಕೆಂಟಕಿಯ ವೆಸ್ಟ್ ಅರ್ವಿನ್‌ನಲ್ಲಿ. ಎರಡನೇ ಮಹಾಯುದ್ಧದಲ್ಲಿ ನೌಕಾಪಡೆಯ ಹಡಗಿನಲ್ಲಿ ಅಡುಗೆಯವ. ಓಕಿನಾವಾ ಕದನದ ಹೊತ್ತಿಗೆ ಅಲ್ಲೇ ಇದ್ದ. ಆಮೇಲೆ ಕೆಂಟಕಿ ವಿಶ್ವವಿದ್ಯಾಲಯ. ಅಲ್ಲಿ ರಂಗಭೂಮಿಯ ರುಚಿ ಹತ್ತಿ, ಓದು ಅರ್ಧಕ್ಕೆ ಬಿಟ್ಟು ಕ್ಯಾಲಿಫೋರ್ನಿಯಾದ ಪ್ಯಾಸಡೀನಾ ಪ್ಲೇಹೌಸ್ ಸೇರಿದ. ಅಡುಗೆಯವನಾಗಿದ್ದ ವಿಷಯ ನೆನಪಿಟ್ಟುಕೊಳ್ಳಿ, ಕೊನೆಯ ಚಿತ್ರದಲ್ಲಿ ಬೇಕಾಗುತ್ತದೆ.

ಹಳೆಯ ಚಿತ್ರಗಳಲ್ಲಿ ಹೆಸರು ಹುಡುಕುವಾಗ ಒಂದು ತೊಡಕಿದೆ. ಹ್ಯಾರಿ ಸ್ಟ್ಯಾಂಟನ್ ಎಂಬ ಇನ್ನೊಬ್ಬ ನಟನಿದ್ದ ಕಾರಣ ಆರಂಭದ ವರ್ಷಗಳಲ್ಲಿ ಈತ ‘ಡೀನ್ ಸ್ಟ್ಯಾಂಟನ್’ ಆಗಿ ಕಾಣಿಸಿಕೊಳ್ಳುತ್ತಾನೆ. ಕೆಲವು ಚಿತ್ರಗಳ ಪಟ್ಟಿಯಲ್ಲಿ ಹೆಸರೇ ಇಲ್ಲ. ಆದ್ದರಿಂದ ಐವತ್ತು, ಅರವತ್ತರ ದಶಕದ ಕೌಬಾಯ್ ಚಿತ್ರಗಳಲ್ಲೂ ‘ಗನ್‌ಸ್ಮೋಕ್’ನಂಥ ಟಿವಿ ಸರಣಿಗಳಲ್ಲೂ ಹೆಸರಿಗಿಂತ ಮುಖವನ್ನು ನಂಬಿ: ಗುಳಿಬಿದ್ದ ಕೆನ್ನೆ, ಬಾಗಿದ ಹೆಗಲು, ನಿದ್ದೆಗೆಟ್ಟವನ ಕಣ್ಣು. ಎಲ್ಲವನ್ನೂ ಹುಡುಕಿ ನೋಡುತ್ತ ಕೂರುವ ಅಗತ್ಯವಿಲ್ಲ, ಒಂದೆರಡು ಕಂತು ಸಾಕು.

ಶುರು ಮಾಡಬೇಕಾದ್ದು 1979ರ ‘ಏಲಿಯನ್’ನಿಂದ. ಎರಡು ಆವೃತ್ತಿ ಸಿಗುತ್ತವೆ, 1979ರದ್ದನ್ನೇ ಆರಿಸಿ. 2003ರ ಡೈರೆಕ್ಟರ್ಸ್ ಕಟ್‌ನಲ್ಲಿ ಆತನ ಪಾತ್ರ ಬ್ರೆಟ್‌ನ ಕೊನೆಯ ಗತಿ ತೋರಿಸುವ ದೃಶ್ಯ ಸೇರಿದೆ, ಅದು ಎರಡನೇ ಸಲಕ್ಕೆ ಇರಲಿ. ಬ್ರೆಟ್ ಬಾಹ್ಯಾಕಾಶ ಹಡಗಿನ ಮೆಕ್ಯಾನಿಕ್. ಜೊತೆ ಕೆಲಸಗಾರ ಪಾರ್ಕರ್ ಏನೇ ಹೇಳಲಿ, ‘ರೈಟ್’ ಎನ್ನುತ್ತಾನೆ, ಅಷ್ಟೇ. ಬೋನಸ್ ಹಣದ ತಕರಾರು ಬರುವ ದೃಶ್ಯವನ್ನು ಒಮ್ಮೆ ಮಾಮೂಲಿಯಾಗಿ, ಇನ್ನೊಮ್ಮೆ ಮ್ಯೂಟ್ ಮಾಡಿ ನೋಡಿ. ಎರಡನೇ ಸಲ ಮಾತಾಡುವವರನ್ನು ಬಿಟ್ಟು ಬ್ರೆಟ್‌ನನ್ನೇ ಗಮನಿಸಿ: ತನ್ನ ಸರದಿಗೆ ಕಾಯುತ್ತ ಕೂತ ನಟ ಅಲ್ಲಿಲ್ಲ, ಸಂಬಳ ಸಾಲದೆ ಬೇಸತ್ತ ಕೆಲಸಗಾರನಿದ್ದಾನೆ. ಒಂದು ಗಂಟೆ ದಾಟಿದ ಮೇಲೆ ಜೋನ್ಸ್ ಎಂಬ ಬೆಕ್ಕನ್ನು ಹುಡುಕುತ್ತ ಹೋಗುವ ದೃಶ್ಯ ಬರುತ್ತದೆ. ಮೇಲಿಂದ ತೊಟ್ಟಿಕ್ಕುವ ನೀರಿಗೆ ಟೋಪಿ ತೆಗೆದು ಮುಖವೊಡ್ಡಿ ನಿಲ್ಲುತ್ತಾನೆ. ಅಲ್ಲಿ ಹೆದರಿಕೆ ನಟಿಸಿದ್ದರೆ ದೃಶ್ಯ ಕೆಡುತ್ತಿತ್ತು. ಅವನು ಆರಾಮಾಗಿರುವುದರಿಂದಲೇ ನಮಗೆ ದಿಗಿಲು.

ಆಮೇಲೆ 1967ರ ‘ಕೂಲ್ ಹ್ಯಾಂಡ್ ಲ್ಯೂಕ್’. ಕೈದಿಗಳ ಗುಂಪಿನಲ್ಲಿ ಗಿಟಾರ್ ಹಿಡಿದು ಹಾಡುವವನು ಇವನೇ. ಸಮಯವಿದ್ದರೆ ‘ಗಾಡ್‌ಫಾದರ್’ ಎರಡನೇ ಭಾಗದಲ್ಲಿ ಮಾಫಿಯಾ ವಿರುದ್ಧದ ಸಾಕ್ಷಿ ಪೆಂಟಾಂಜಲಿಯ ಕಾವಲಿಗಿರುವ ಎಫ್‌ಬಿಐ ಮನುಷ್ಯನನ್ನು ಗುರುತಿಸಲು ಯತ್ನಿಸಿ. 200 ನಿಮಿಷ ಮೀರಿದ ಚಿತ್ರ, ಸಿಗುವುದು ಕೊಂಚವೇ. ಆದರೆ ಕಣ್ಣು ಪಳಗುತ್ತದೆ.

ಈಗ 1984ಕ್ಕೆ ಬನ್ನಿ. ಒಂದೇ ವಾರದಲ್ಲಿ ಎರಡು ಚಿತ್ರ: ಮೊದಲು ‘ರಿಪೋ ಮ್ಯಾನ್’, ಒಂದೆರಡು ದಿನ ಬಿಟ್ಟು ‘ಪ್ಯಾರಿಸ್, ಟೆಕ್ಸಾಸ್’. ಎರಡಕ್ಕೂ ಕ್ಯಾಮೆರಾ ರಾಬಿ ಮ್ಯೂಲರ್‌ನದು, ಹಾಗಾಗಿ ನಟನೊಳಗಿನ ವ್ಯತ್ಯಾಸ ಸಲೀಸಾಗಿ ಕಾಣುತ್ತದೆ. ಮೊದಲನೆಯದರಲ್ಲಿ ಆತ ಬಡ್, ಕಂತು ಕಟ್ಟದವರ ಕಾರು ಸೀಜ್ ಮಾಡುವವನು. ಹುಡುಗನೊಬ್ಬನನ್ನು ಪಕ್ಕದಲ್ಲಿ ಕೂರಿಸಿಕೊಂಡು ಎಡೆಬಿಡದೆ ಉಪದೇಶ ಮಾಡುತ್ತಾನೆ. ಎರಡನೆಯದರಲ್ಲಿ ಟ್ರಾವಿಸ್; ಕೆಂಪು ಟೋಪಿ ಹಾಕಿ ಮರುಭೂಮಿಯಲ್ಲಿ ನಡೆದು ಬರುವವನು ಮೊದಲ 25 ನಿಮಿಷ ಹತ್ತಿರತ್ತಿರ ಬಾಯಿಯೇ ಬಿಡುವುದಿಲ್ಲ. ಅನೇಕರು ಸೋತು ಫೋನ್ ಎತ್ತಿಕೊಳ್ಳುವುದು ಇಲ್ಲೇ. ಫೋನನ್ನು ಬೇರೆ ಕೋಣೆಯಲ್ಲಿಡಿ.

ಅದರ ಕೊನೆಯ ಭಾಗಕ್ಕೆ ಹೆಡ್‌ಫೋನ್ ಹಾಕಿಕೊಳ್ಳಿ. ಒಂದು ಬದಿಯಿಂದ ಮಾತ್ರ ಕಾಣುವ ಗಾಜು, ಆಚೆ ಹೆಂಡತಿ ಜೇನ್, ನಡುವೆ ಟೆಲಿಫೋನ್. ಎರಡನೇ ಭೇಟಿಯಲ್ಲಿ ಟ್ರಾವಿಸ್ ಕುರ್ಚಿ ತಿರುಗಿಸಿ ಅವಳಿಗೆ ಬೆನ್ನು ಹಾಕಿ ಕೂರುತ್ತಾನೆ; ಹೇಳುವ ಕಥೆ ಯಾರೋ ಇಬ್ಬರದು ಎಂಬಂತೆ ಶುರುವಾಗುತ್ತದೆ. ಸಬ್‌ಟೈಟಲ್ ಓದುತ್ತಿದ್ದರೆ ಕಣ್ಣು ಕೆಳಗೇ ಉಳಿದು ಮುಖ ತಪ್ಪಿಹೋಗುತ್ತದೆ. ಈ ದೃಶ್ಯವನ್ನು ಸಬ್‌ಟೈಟಲ್‌ನೊಂದಿಗೆ ನೋಡಿ, ಹಿಂದಕ್ಕೆ ಹೋಗಿ ಅದಿಲ್ಲದೆ ಮತ್ತೆ ನೋಡಿ. ದನಿ ಏರುವುದೇ ಇಲ್ಲ. ಬೇರೆ ನಟರಾಗಿದ್ದರೆ ಅಳುತ್ತಿದ್ದರು, ಪ್ರಶಸ್ತಿಯೂ ಬರುತ್ತಿತ್ತೇನೋ. ಚಿತ್ರಕ್ಕೆ ಕಾನ್ ಚಿತ್ರೋತ್ಸವದ ಅತ್ಯುನ್ನತ ಪ್ರಶಸ್ತಿ ಪಾಮ್ ಡಿ’ಓರ್ ಬಂತು.

1999ರ ‘ದ ಸ್ಟ್ರೇಟ್ ಸ್ಟೋರಿ’ ವಿಷಯದಲ್ಲಿ ಎಡವುವವರು ಹೆಚ್ಚು. ಸ್ಟ್ಯಾಂಟನ್ ಬರುವುದು ಕೊನೆಯ ಕೆಲವೇ ನಿಮಿಷ ಎಂದು ಗೊತ್ತಾಗಿ ನೇರ ಅಲ್ಲಿಗೆ ಓಡಿಸಿಬಿಡುತ್ತಾರೆ. ಆಗ ಕಾಣುವುದು ಜಗಲಿಯ ಮೇಲೆ ಕೂತ ಇಬ್ಬರು ಮುದುಕರು, ಅಷ್ಟೇ. ಹುಲ್ಲು ಕತ್ತರಿಸುವ ಯಂತ್ರದ ಮೇಲೆ ಅಣ್ಣನನ್ನು ಕಾಣಲು ಹೊರಟ ಆಲ್ವಿನ್‌ನ ದಾರಿಯನ್ನೆಲ್ಲ ಸವೆಸಿದವರಿಗೆ ಮಾತ್ರ, ಆ ಯಂತ್ರದ ಕಡೆ ನೋಡುವ ಅಣ್ಣನ (ಸ್ಟ್ಯಾಂಟನ್) ಕಣ್ಣು ಏಕೆ ತುಂಬಿತು ಎಂಬುದು ಗೊತ್ತಾಗುತ್ತದೆ. ತುಣುಕು ನೋಡಿ ಮುಗಿಸಬಹುದಾದದ್ದು 2012ರ ‘ದಿ ಅವೆಂಜರ್ಸ್’ ಒಂದೇ. ಅದರ ಕಾವಲುಗಾರ ಎಲ್ಲಿ ನೋಡಿದರೂ ಅಷ್ಟೇ ಚೆಂದ. ಮೆಲುದನಿಯಲ್ಲೇ ಹೆದರಿಸುವುದು ಹೇಗೆಂದು ನೋಡಬೇಕಿದ್ದರೆ ಎಚ್‌ಬಿಒದ ‘ಬಿಗ್ ಲವ್’ ಸರಣಿಯಲ್ಲಿ ಆತ ಮಾಡಿದ ರೋಮನ್ ಗ್ರಾಂಟ್ ಇದ್ದಾನೆ.

ಕೊನೆಗೆ 2017ರ ‘ಲಕ್ಕಿ’, ಒಂದೂವರೆ ಗಂಟೆಯ ಚಿತ್ರ; ಲಕ್ಕಿ ಸ್ಟ್ಯಾಂಟನ್‌ನೇ. ನಿರ್ದೇಶಕ ಜಾನ್ ಕ್ಯಾರಲ್ ಲಿಂಚ್ ಕೂಡ ಪೋಷಕ ನಟನೇ. ಆಮೆ ಕಳೆದುಕೊಂಡವನಾಗಿ ಬರುವ, ‘ದ ಸ್ಟ್ರೇಟ್ ಸ್ಟೋರಿ’ಯ ನಿರ್ದೇಶಕ ಡೇವಿಡ್ ಲಿಂಚ್‌ಗೂ ಇವನಿಗೂ ನಂಟಿಲ್ಲ, ಗೊಂದಲ ಬೇಡ. ಹೋಟೆಲಿನಲ್ಲಿ ಇಬ್ಬರು ಮಾಜಿ ಸೈನಿಕರು ಯುದ್ಧದ ಮಾತಾಡುವ ದೃಶ್ಯದಲ್ಲಿ ಎದುರಿಗೆ ಕೂತವನು ಟಾಮ್ ಸ್ಕೆರಿಟ್, ‘ಏಲಿಯನ್’ನ ಕ್ಯಾಪ್ಟನ್. ಅಲ್ಲಿ ಲಕ್ಕಿ ಹೇಳಿಕೊಳ್ಳುವ ನೌಕಾಪಡೆಯ ಅಡುಗೆ ಕೆಲಸ ಸ್ಟ್ಯಾಂಟನ್ ನಿಜವಾಗಿ ಮಾಡಿದ್ದೇ. ಆತ ತೀರಿಕೊಂಡದ್ದು ಸೆಪ್ಟೆಂಬರ್ 15ರಂದು, ಚಿತ್ರ ಅಮೆರಿಕದಲ್ಲಿ ತೆರೆಕಂಡದ್ದು ಎರಡು ವಾರದ ನಂತರ. ಹಾಗೆಂದು ಇದನ್ನು ಶ್ರದ್ಧಾಂಜಲಿಯಂತೆ ನೋಡಲು ಹೋದರೆ ಅದರ ನಗು ತಪ್ಪುತ್ತದೆ.

ಸೋಫಿ ಹ್ಯೂಬರ್ ಅವರ 2012ರ ಸಾಕ್ಷ್ಯಚಿತ್ರ ‘ಪಾರ್ಟ್ಲಿ ಫಿಕ್ಷನ್’ ಇವೆಲ್ಲ ಮುಗಿದ ಮೇಲೆ ನೋಡಿ. ಅದರಲ್ಲಿ ಈ ಚಿತ್ರಗಳ ತುಣುಕುಗಳಿವೆ. ಮೊದಲೇ ನೋಡಿದರೆ ಗಾಜಿನ ಕೋಣೆಯ ದೃಶ್ಯ ನಿಮಗೆ ಹೊಸದಾಗಿ ಸಿಗುವುದಿಲ್ಲ. ಜೀವನದ ವಿವರಗಳಿಗಾಗಿ ಕಾಯಬೇಡಿ, ಸ್ಟ್ಯಾಂಟನ್ ಬಹುತೇಕ ಪ್ರಶ್ನೆಗಳನ್ನು ಜಾರಿಸಿ ಹಾಡಲು ಶುರು ಮಾಡುತ್ತಾನೆ.