ಸಂತೆಯಿಂದ ಸಂತೆಗೆ: ಇಪ್ಪತ್ತೊಂದು ಪ್ರಶ್ನೆಗಳ ನನ್ನ ಅನುಭವ

“ನಮ್ಮ ಹೆಂಗಸರು ಎಲ್ಲಕ್ಕೂ ಸೊನ್ನೆ ಹಾಕುತ್ತಾರೆ, ಕಾಗದ ದಂಡ” ಎಂದು ಜೊತೆಯ ಆಪ್ತಸಮಾಲೋಚಕರೊಬ್ಬರು ನಕ್ಕಿದ್ದರು. ಮಾತು ಡಾಸ್-21ರದು: ಖಿನ್ನತೆ, ಆತಂಕ, ಒತ್ತಡ ಅಳೆಯುವ ಇಪ್ಪತ್ತೊಂದು ಪ್ರಶ್ನೆಗಳ ಹಾಳೆ, ಕಳೆದ ವಾರ ಹೇಗಿತ್ತೆಂದು ಪ್ರತಿ ಪ್ರಶ್ನೆಗೂ ಸೊನ್ನೆಯಿಂದ ಮೂರರವರೆಗೆ ಗುರುತು ಹಾಕಬೇಕು. ಮೊದಲ ಸಲ ಅವರ ಮಾತೇ ಗೆದ್ದಿತು. ಸ್ವಸಹಾಯ ಸಂಘಗಳಲ್ಲಿ ಡಾಸ್-21 ಹಂಚಿದೆ. ಮರಳಿದ ನೂರಿಪ್ಪತ್ತು ಹಾಳೆಗಳಲ್ಲಿ ಎಂಬತ್ತರಷ್ಟು ಪೂರ್ತಿ ಸೊನ್ನೆ. ಹಾಳೆಯ ನೆತ್ತಿಯಲ್ಲಿ ‘ಖಿನ್ನತೆ, ಆತಂಕ, ಒತ್ತಡ’ ಎಂದು ದಪ್ಪಕ್ಷರದಲ್ಲಿ ಅಚ್ಚು ಹಾಕಿಸಿದ್ದೆ, ಕೆಳಗೆ ಹೆಸರು ಬರೆಯಲು ಗೆರೆ ಬೇರೆ. ನನ್ನ ಬುದ್ಧಿಗಿಷ್ಟು! ಪ್ರಶ್ನಾವಳಿ ಪುಕ್ಕಟೆ, ಅಚ್ಚಿಗೆ ಮಾತ್ರ ಕೈಯಿಂದ ಎರಡು ಸಾವಿರ ಹೋಯಿತು.

ಎರಡನೆಯ ಸಲ ಶೀರ್ಷಿಕೆ ತೆಗೆದೆ. ಹೆಸರಿನ ಬದಲು ಚೀಟಿ ಎತ್ತಿಸಿ ಸಂಖ್ಯೆ ಕೊಟ್ಟೆ. ಆದರೂ ‘ಸ್ವಲ್ಪ’ಕ್ಕೂ ‘ಸಾಕಷ್ಟು’ಗೂ ವ್ಯತ್ಯಾಸ ತಿಳಿಯದೆ ಎಲ್ಲರೂ ಒಂದರಲ್ಲೇ ನಿಂತರು. ಆಮೇಲೆ ನಾಲ್ಕು ಲೋಟ ಬರೆದೆ: ಬರಿದು, ತಳದಲ್ಲಿಷ್ಟು, ಅರ್ಧಕ್ಕಿಂತ ಮೇಲೆ, ತುಂಬಿದ್ದು. ‘ಕಳೆದ ವಾರ’ ಎಂದರೆ ಹೋದ ಸಂತೆಯಿಂದ ಈ ಸಂತೆಯವರೆಗೆ ಎಂದೆ. ಪ್ರಶ್ನೆಗಳನ್ನು ಮಾತ್ರ ಮುಟ್ಟಲಿಲ್ಲ; ಗಜಕಡ್ಡಿಯನ್ನೇ ಕೆತ್ತಿದರೆ ಬಟ್ಟೆ ಅಳೆಯುವುದು ಹೇಗೆ? ಬೆನ್ನಿಗೆ ಬೆನ್ನು ಮಾಡಿ ಕೂರಿಸಿ, ನಾನು ಓದಿದೆ, ಅವರು ಗುರುತು ಹಾಕಿದರು. ಆ ಸಲ ಜೆರಾಕ್ಸಿಗೆ ನೂರೈವತ್ತೂ ಆಗಲಿಲ್ಲ. ಪೂರ್ತಿ ಸೊನ್ನೆ ಹತ್ತಕ್ಕೊಂದೂ ಇರಲಿಲ್ಲ.

ಡಾಸ್-21 ನಲವತ್ತೆರಡು ಪ್ರಶ್ನೆಗಳ ಹಾಳೆಯ ಅರ್ಧ, ಹಾಗಾಗಿ ಮೊತ್ತವನ್ನು ಎರಡರಿಂದ ಗುಣಿಸಬೇಕು; ಖುಷಿಯಲ್ಲಿ ಅದನ್ನೇ ಮರೆತೆ. ಖಿನ್ನತೆಯಲ್ಲಿ ಎಂಟು ಬಂದವರನ್ನು ‘ಏನೂ ಇಲ್ಲ’ ಎಂದು ಕಳುಹಿಸಿದ್ದೆ. ಅದು ಹದಿನಾರು, ಮಧ್ಯಮ ಮಟ್ಟದ ಖಿನ್ನತೆ. ಸಂಖ್ಯೆ ಹಿಡಿದು ಮೂರು ಊರು ಮತ್ತೆ ಸುತ್ತಿದೆ. ಬಸ್ಸಿನ ಖರ್ಚಿಗಿಂತ ನಾಚಿಕೆಯೇ ದುಬಾರಿಯಾಯಿತು.

ನಡುವೆ ಆ ನಲವತ್ತೆರಡು ಪ್ರಶ್ನೆಗಳ ದೊಡ್ಡ ಹಾಳೆಯನ್ನೂ ಹಂಚಿ ನೋಡಿದೆ. ಮೂವತ್ತು ದಾಟುವಷ್ಟರಲ್ಲಿ ಹಾಲು ಕರೆಯುವ ಹೊತ್ತಾಯಿತೆಂದು ಅರ್ಧ ಜನ ಎದ್ದರು. ಇನ್ನೊಂದು ಕಂಡದ್ದು: ಕೆಲವು ವಯಸ್ಸಾದವರಿಗೆ ಆತಂಕದ ಅಂಕ ಸುಮ್ಮನೆ ಏರುತ್ತಿತ್ತು. ‘ಬಾಯಿ ಒಣಗುವುದು’ ಆತಂಕದ ಪ್ರಶ್ನೆ; ಸಕ್ಕರೆ ಕಾಯಿಲೆಯವರಿಗೆ, ಕೆಲವು ಮಾತ್ರೆ ನುಂಗುವವರಿಗೆ ಅದು ಹೇಗೂ ಇರುತ್ತದೆ. ಈಗ ಮಾತ್ರೆಗಳ ವಿಚಾರ ಮೊದಲೇ ಕೇಳುತ್ತೇನೆ.

ಸಾಯುವ ಯೋಚನೆಯ ಬಗ್ಗೆ ಡಾಸ್ ಕೇಳುವುದೇ ಇಲ್ಲ, ಖಿನ್ನತೆಯ ಇನ್ನೊಂದು ಪ್ರಶ್ನಾವಳಿ ಪಿಎಚ್‌ಕ್ಯು-9ರ ಒಂಬತ್ತನೆಯ ಪ್ರಶ್ನೆ ಕೇಳುತ್ತದೆ. ಅದನ್ನು ನಾನು ಹಾಳೆಗೆ ಬಿಡದೆ ಒಬ್ಬೊಬ್ಬರನ್ನೇ ಕೂರಿಸಿ ಬಾಯಲ್ಲೇ ಕೇಳುತ್ತೇನೆ. ಹಾಳೆಯ ಹಿಂದೆ ಸರ್ಕಾರದ ಮಾನಸಿಕ ಆರೋಗ್ಯ ಸಹಾಯವಾಣಿ ಟೆಲಿ ಮಾನಸ್‌ನ ಸಂಖ್ಯೆ 14416 ಇರುತ್ತದೆ, ಹರಿದು ಕೊಡುತ್ತೇನೆ.

ಹಾಳೆ ಹಂಚುವ ಮೊದಲ ಐದು ನಿಮಿಷ ನಾನೇನು ಮಾತಾಡುತ್ತೇನೆ ಎಂಬುದನ್ನು ಇಲ್ಲಿ ಬರೆಯುವುದಿಲ್ಲ. ಸೊನ್ನೆಗಳು ಉದುರುವುದು ಅಲ್ಲೇ. ಅಂದು ನಕ್ಕವರು ಮೊನ್ನೆ ಬಂದು ಲೋಟದ ಹಾಳೆ ಕೇಳಿದರು. ಕೊಟ್ಟೆ. ಐದು ನಿಮಿಷದ್ದನ್ನೂ ಕೇಳಿದರು. ಕಾಫಿ ಕುಡಿಸಿ ಕಳುಹಿಸಿದೆ.